ನನಗೆ ನಾನೇ ಕೊಟ್ಟ ನೋಟೀಸು

ನಮ್ಮ ಇಲಾಖೆಯ ಮುಂಬಡ್ತಿ ಸಮಿತಿಯ ಘನ ಅಧ್ಯಕ್ಷರಾದ ತಮ್ಮ ಸನ್ನಿಧಾನಕ್ಕೆ, ಜಯನಗರ ವಿಭಾಗ ಕಚೇರಿಯ ಪ್ರಥಮ ದರ್ಜೆ ಸಹಾಯಕಿ ಕಮಲಾದೇವಿ ಕೈಮುಗಿದು ಅರಿಕೆ ಮಾಡಿಕೊಳ್ಳುವುದು.

ಮಾನ್ಯರೇ,

ತಾವು ಕ್ಷೇಮವೆಂದೂ, ತಮ್ಮ ಸಭೆಯು ಎಂದಿನಂತೆ ಮುಂದಕ್ಕೆ ಹೋಗಿ ಅದೂ ಕ್ಷೇಮವೆಂದೂ ನಂಬಿದ್ದೇನೆ. ನಮ್ಮ ಅಧೀಕ್ಷಕರು ನಿವೃತ್ತರಾದಾಗ ಸೇವಾ ಹಿರಿತನದಲ್ಲಿ ಮುಂದಿದ್ದವಳು ನಾನು. ಸಮಿತಿ ಸೇರುವವರೆಗೆ ಆ ಹುದ್ದೆಯ ಪ್ರಭಾರ ವಹಿಸಿಕೊಳ್ಳಿ ಎಂದರು, ವಹಿಸಿಕೊಂಡೆ. ಒಮ್ಮೆ ಚುನಾವಣಾ ನೀತಿಸಂಹಿತೆ, ಒಮ್ಮೆ ಸದಸ್ಯರ ವರ್ಗಾವಣೆ, ಒಮ್ಮೆ ಜೆ.ಪಿ. ನಗರದಲ್ಲಿ ತಮ್ಮದೇ ಗೃಹಪ್ರವೇಶ, ಹೀಗೆ ತಾವು ಸೇರಲಾಗದೆ ವರ್ಷಗಳು ಕಳೆದವು. ಬಿಳೇಕಹಳ್ಳಿಯಿಂದ ಬರುವಾಗ ಬನ್ನೇರುಘಟ್ಟ ರಸ್ತೆಯ ಮೆಟ್ರೋ ಕಂಬಗಳು ಏಳುವುದನ್ನು ಬಸ್ಸಿನ ಕಿಟಕಿಯಲ್ಲಿ ನೋಡುತ್ತಿದ್ದ ನನಗೆ, ಈ ಊರಿನಲ್ಲಿ ಕಾಂಕ್ರೀಟಿಗಾದರೂ ಮೇಲೇರುವ ಯೋಗವಿದೆಯಲ್ಲ ಎಂದು ಸಂತೋಷವಾಗುತ್ತಿತ್ತು.

ಈ ನಡುವೆ ನನ್ನ ಕೆಲಸದ ಬಗೆಗಿನ ಒಂದು ವರ್ಷದ ಗೌಪ್ಯ ವರದಿ ಕಡತದಲ್ಲಿಲ್ಲವೆಂದು ತಮ್ಮ ಕಚೇರಿ ಕಂಡುಹಿಡಿಯಿತು. ಬರೆಯಬೇಕಿದ್ದ ಸಾಹೇಬರು ಬರೆಯದೆಯೇ ವರ್ಗವಾಗಿ ಹೋಗಿದ್ದರು. ಆದರೂ ಸದರಿ ಸಹಾಯಕಿಯಿಂದ ಅಧೀಕ್ಷಕರು ಕಾರಣ ಕೇಳತಕ್ಕದ್ದು ಎಂದು ಆದೇಶ ಬಂತು. ಸಹಾಯಕಿ ನಾನು, ಅಧೀಕ್ಷಕಿಯ ಕೆಲಸದಲ್ಲಿದ್ದವಳೂ ನಾನು. ಶಿಸ್ತಿಗೆ ತಲೆಬಾಗಿ ನನಗೆ ನಾನೇ ನೋಟೀಸು ಟೈಪು ಮಾಡಿ ಸಹಿ ಹಾಕಿದೆ. ನಮ್ಮ ಜವಾನ ಮರೆಪ್ಪ ಅದನ್ನು ನನ್ನ ಮೇಜಿನಿಂದ ಒಯ್ದು, ರವಾನೆ ಶಾಖೆಯ ಮುದ್ರೆ ಹಾಕಿಸಿ, ಅದೇ ಮೇಜಿಗೆ ಮರಳಿ ತಂದ. “ಅಕ್ಕಾರ, ನಿಮ್ಮಿಂದ ನಿಮಗ ನೋಟೀಸ್ ಬಂದೈತ್ರಿ. ಸಹಿ ಮಾಡ್ರಿ,” ಎಂದ. ನಗಲು ಹೋದೆ, ಕಣ್ಣು ತುಂಬಿತು. “ಅಳಬ್ಯಾಡ್ರಿ. ಉತ್ತರ ಛಲೋ ಬರೀರಿ, ಹೆಂಗೂ ಓದಾವ್ರು ನೀವ ಅದೀರಿ,” ಎಂದು ಸಮಾಧಾನ ಹೇಳಿದ.

ಉತ್ತರ ನನಗಂತೂ ತೃಪ್ತಿಕರವಾಗಿತ್ತು. ಆದರೆ ಅದು ತಲುಪುವ ಮೊದಲೇ ತಾವು ಒಂದು ಮಧ್ಯಾಹ್ನ ಮಿಂಚಿನಂತೆ ಸಭೆ ಸೇರಿ, ವರದಿಯಿಲ್ಲದವಳೆಂದು ನನ್ನನ್ನು ಬಿಟ್ಟು, ನನ್ನ ಕಿರಿಯ ಸಹೋದ್ಯೋಗಿ ನಂದಕುಮಾರರನ್ನು ಅಧೀಕ್ಷಕರನ್ನಾಗಿ ಮಾಡಿದಿರಿ. ಕತ್ರಿಗುಪ್ಪೆಯ ಅವರ ಬೀದಿಯಲ್ಲಿ ಸಿಹಿ ಹಂಚಿಯೂ ಆಯಿತು. ಮರುದಿನ ಅವರು ಬಾಗಿಲಲ್ಲೇ ನಿಂತರು.

“ಮೇಡಂ, ಟಿಪ್ಪಣಿ ಬರೆಯೋದು ಕಲಿಸಿದ್ದೇ ನೀವು. ನಿಮ್ಮ ಎದುರಿಗೆ ನಾನು ಆ ಕುರ್ಚೀಲಿ ಹೇಗೆ ಕೂತ್ಕೊಳ್ಳಲಿ?”

“ಕೂತ್ಕೊಳ್ಳಿ ಸಾರ್,” ಎಂದೆ. ಕುರ್ಚಿಯನ್ನು ಅವರ ಕಡೆಗೆ ತಿರುಗಿಸಿದೆ.

ಕೂತವರು ಬರೆದ ಮೊದಲ ಟಿಪ್ಪಣಿಯೇ, ಈ ಹುದ್ದೆಗೆ ತನಗಿಂತ ಹಿರಿಯರೂ ಅರ್ಹರೂ ಇದೇ ಕಚೇರಿಯಲ್ಲಿದ್ದಾರೆ, ಮರುಪರಿಶೀಲಿಸಬೇಕು ಎಂಬುದು. ನನ್ನ ವಿಷಯದಲ್ಲಿ ವರ್ಷಗಟ್ಟಲೆ ಚಿಂತಿಸಿದ ತಾವು ಇದಕ್ಕೆ ಒಂದೇ ವಾರ ತೆಗೆದುಕೊಂಡಿರಿ. ಅವರ ಮುಂಬಡ್ತಿಗೆ ತಡೆ, ಸಮಿತಿಯ ವಿವೇಕವನ್ನು ಶಂಕಿಸಿದ್ದಕ್ಕೆ ನೋಟೀಸು, ಮತ್ತು ಪ್ರಭಾರ ಪುನಃ ನನಗೆ! ಪ್ರಾಮಾಣಿಕತೆಗೆ ಸರ್ಕಾರಿ ಕೆಲಸದಲ್ಲಿ ಇಷ್ಟು ತುರ್ತು ವಿಲೇವಾರಿ ಇದೆಯೆಂದು ನಾನು ತಿಳಿದಿರಲಿಲ್ಲ.

ಈ ಸಲ ಪ್ರಭಾರ ಒಲ್ಲೆನೆಂದು ಬರೆದುಕೊಟ್ಟು ನನ್ನ ಹಳೆಯ ಮೇಜಿಗೆ, ನಂದಕುಮಾರರ ಪಕ್ಕಕ್ಕೆ ಹೋಗಿ ಕುಳಿತೆ. ಅಂದು ಮಧ್ಯಾಹ್ನದ ಬುತ್ತಿ ರುಚಿಸಿತು. ಇಬ್ಬರೂ ಕೂಡಿ ವಕೀಲರ ಬಳಿ ಹೋದೆವು. ನನಗೆ ಹುದ್ದೆ ಸಿಗಲೆಂದು ಅವರು, ಅವರಿಗೆ ಶಿಕ್ಷೆಯಾಗದಿರಲೆಂದು ನಾನು. “ನೀವಿಬ್ಬರೂ ಒಬ್ಬರ ಮೇಲೊಬ್ಬರು ಕೇಸು ಹಾಕ್ಬೇಕಿತ್ತಲ್ಲ!” ಎಂದು ವಕೀಲರು ಕನ್ನಡಕ ತೆಗೆದು ನಮ್ಮನ್ನು ನೋಡಿದರು. ಈಗ ಪ್ರಕರಣ ನ್ಯಾಯಮಂಡಳಿಯಲ್ಲಿದೆ.

ಅದು ತೀರ್ಮಾನವಾಗುವವರೆಗೆ ಒಂದು ಸಣ್ಣ ಕೋರಿಕೆ. ದಯಮಾಡಿ ಆ ಕುರ್ಚಿಗೇ ಮುಂಬಡ್ತಿ ದಯಪಾಲಿಸಿ. ಅದಕ್ಕೆ ಗೌಪ್ಯ ವರದಿ ಬೇಕಿಲ್ಲ, ಆತ್ಮಸಾಕ್ಷಿಯ ಕಾಟವೂ ಇಲ್ಲ. ಅದಾಗದಿದ್ದರೆ ತಮ್ಮ ಅಧ್ಯಕ್ಷ ಪದವಿಯನ್ನೇ ಪ್ರಭಾರವೆಂದು ಘೋಷಿಸಿಕೊಂಡು ಒಂದೇ ಒಂದು ವರ್ಷ ಕೂತು ನೋಡಿ.

ತಮ್ಮ ಸಭೆಗಾಗಿ ಕಾಯುತ್ತಲೇ ಹಿರಿಯಳಾದ,
ತಮ್ಮ ವಿಶ್ವಾಸಿ
ಕಮಲಾದೇವಿ

ವಿ.ಸೂ.: ನೌಕರರ ಅಹವಾಲು ಅಧೀಕ್ಷಕರ ಸಹಿಯೊಂದಿಗೇ ತಮಗೆ ತಲುಪಬೇಕೆಂಬ ನಿಯಮವನ್ನು ಬಲ್ಲೆ. ನಮ್ಮಲ್ಲೀಗ ಅಧೀಕ್ಷಕರೇ ಇಲ್ಲದ ಕಾರಣ ಪತ್ರವನ್ನು ಪತ್ರಿಕೆಗೆ ಕೊಟ್ಟಿದ್ದೇನೆ. ಮೊದಲು ಊರವರು ಓದಲಿ, ತಮಗೆ ಅವಸರವೇನಿಲ್ಲ.