ಚೀಲ ಶಿಲೀಂಧ್ರವೂ ನನ್ನ ಸಿಟ್ಟೂ

ನನಗೆ ಸಿಟ್ಟು ಬರಲು ದೊಡ್ಡ ಕಾರಣವೇನೂ ಬೇಕಿಲ್ಲ, ಒಂದು ಶಬ್ದ ಸಾಕು. ಆ ಶಬ್ದ ನನ್ನ ಬಾಯಿಂದ ಊರಿನ ಬಾಯಿಗೆ ಹೋಯಿತೆಂದರೆ ಏನಾದರೊಂದು ಅನಾಹುತ ಆಗಿಯೇ ತೀರುತ್ತದೆ. ಕಲಿಸಲು ಶುರು ಮಾಡಿದಾಗಿನಿಂದ ನೋಡುತ್ತ ಬಂದಿದ್ದೇನೆ, ಇನ್ನೂ ನಿಂತಿಲ್ಲ.

ನಾನು ಗದಗಿನ ಒಂದು ಕಾಲೇಜಿನಲ್ಲಿ ಸಸ್ಯಶಾಸ್ತ್ರ ಕಲಿಸುತ್ತೇನೆ. ಮನೆ ಬೆಟಗೇರಿಯಲ್ಲಿ. ಶಬ್ದ ಯಾವುದೆಂದರೆ, ಆಸ್ಕೊಮೈಸೀಟ್ಸ್. ಗ್ರೀಕ್ ಭಾಷೆಯಲ್ಲಿ ಮೊದಲರ್ಧಕ್ಕೆ ಚರ್ಮದ ಚೀಲ ಎಂದೂ ಉಳಿದರ್ಧಕ್ಕೆ ಶಿಲೀಂಧ್ರ ಎಂದೂ ಅರ್ಥ. ಶಿಲೀಂಧ್ರ ಅಂದರೆ ಬೂಷ್ಟು, ನಮ್ಮ ಕಡೆಯ ಬೂಸರು. ಎರಡನ್ನೂ ಕೂಡಿಸಿ ಕನ್ನಡದಲ್ಲಿ ಚೀಲ ಶಿಲೀಂಧ್ರ ಎಂದರು. ಈ ಕುಲದ ಬೂಸರು ತನ್ನ ಬೀಜಕಣಗಳನ್ನು ಒಂದು ಪುಟ್ಟ ಚೀಲದೊಳಗೆ ಸಾಲಾಗಿ ತುಂಬಿಟ್ಟುಕೊಳ್ಳುತ್ತದೆ, ಅವರೆಕಾಯಿಯೊಳಗೆ ಕಾಳಿದ್ದ ಹಾಗೆ. ಸೂಕ್ಷ್ಮದರ್ಶಕ ಇಲ್ಲದೆ ಆ ಚೀಲ ಕಾಣುವುದಿಲ್ಲ. ಬ್ರೆಡ್ಡು ಉಬ್ಬಿಸುವ ಯೀಸ್ಟ್ ಈ ಕುಲದ್ದು. ಮಾವಿನ ಹೂವಿಗೆ ಬರುವ ಬೂದಿ ರೋಗ ಈ ಕುಲದ್ದು. ಮೈಮೇಲೆ ಏಳುವ ಗಜಕರ್ಣ, ಶೇಂಗಾಕ್ಕೆ ಹಿಡಿಯುವ ಹಸಿರು ಬೂಸರು, ಅವೂ ಇದೇ ಕುಲದವು. ಇಷ್ಟೇ ವಿಷಯ. ಇದರಲ್ಲಿ ತಿಳಿಯದಂಥದ್ದು ಏನಿದೆ?

೧. ಸುತಳಿ ಕಟ್ಟಿದ ಚಿತ್ರ

ಪರೀಕ್ಷೆಯಲ್ಲಿ ‘ಚೀಲ ಶಿಲೀಂಧ್ರ ಎಂದರೇನು? ಉದಾಹರಣೆ ಕೊಡಿ’ ಎಂದು ಕೇಳಿದ್ದೆ. ಒಬ್ಬ ಹುಡುಗ ಬರೆದಿದ್ದ: ‘ಚೀಲದಲ್ಲಿ ತುಂಬಿ ಬೆಳೆಸುವ ಶಿಲೀಂಧ್ರಕ್ಕೆ ಚೀಲ ಶಿಲೀಂಧ್ರ ಎನ್ನುವರು. ಉದಾಹರಣೆ: ಅಣಬೆ.’ ಅವನ ಹಿಂದಿನ ಬೆಂಚು, ಪಕ್ಕದ ಬೆಂಚು, ಎಲ್ಲ ಅದನ್ನೇ ಬರೆದಿದ್ದವು. ಒಬ್ಬಳು ಮಾತ್ರ ಒಂದು ಹೆಜ್ಜೆ ಮುಂದೆ ಹೋಗಿದ್ದಳು. ಅಂದವಾಗಿ ಗೋಣಿಚೀಲದ ಚಿತ್ರ ಬರೆದು, ಬಾಯಿ, ತಳ, ಸುತಳಿ ಎಂದು ಭಾಗಗಳನ್ನು ಗುರುತಿಸಿದ್ದಳು.

ಎಲ್ಲರಿಗೂ ಸೊನ್ನೆ ಹಾಕಿದೆ. ಅಣಬೆಯದು ಬೇರೆ ಕುಲ, ಅದಕ್ಕೆ ಬೀಜಕಣದ ಚೀಲವೇ ಇರುವುದಿಲ್ಲ ಎಂದು ಕ್ಲಾಸಿನಲ್ಲಿ ಗಂಟಲು ಹರಿಯುವ ಹಾಗೆ ಹೇಳಿದೆ. ಆ ಹುಡುಗ ಎದ್ದು ನಿಂತ.

“ಮೇಡಂ, ನಮ್ಮ ಸೋದರಮಾವ ಕಳಸಾಪುರದಾಗ ಅಣಬಿ ಬೆಳೀತಾನ್ರಿ. ಎಲ್ಲಾ ಚೀಲದಾಗ ಬೆಳಿಯೋದು. ಬೇಕಾದ್ರ ಬಂದು ನೋಡ್ರಿ.”

ಸಿಟ್ಟಿನಿಂದ ನನ್ನ ಕೈಯಲ್ಲಿದ್ದ ಸೀಮೆಸುಣ್ಣ ಮುರಿಯಿತು. ಸುದ್ದಿ ಪ್ರಾಂಶುಪಾಲರವರೆಗೆ ಹೋಯಿತು. ಅವರು ನನ್ನನ್ನು ಕರೆಸಿ ಸಮಾಧಾನದಿಂದ ಹೇಳಿದರು. “ಹೋಗ್ಲಿ ಬಿಡ್ರಿ ಮೇಡಂ. ಚೀಲ ಅಂತ ಬರದಾರ, ಶಿಲೀಂಧ್ರ ಅಂತ ಬರದಾರ. ಎರಡೂ ಶಬ್ದ ಸರಿ ಅದಾವಲ್ಲ, ಅರ್ಧ ಮಾರ್ಕ್ಸ್ ಕೊಡ್ರಿ.”

“ಸರ್, ನಾಳೆ ನಿಮಗ ಅರ್ಧ ಪಗಾರ ಕೊಟ್ಟು, ಪಗಾರ ಅನ್ನೋ ಶಬ್ದ ಸರಿ ಐತಲ್ಲ ಅಂದ್ರ ನಡೀತೈತೇನ್ರಿ?” ಅಂದೆ. ಅವರು ಫ್ಯಾನಿನ ಕಡೆ ನೋಡಿದರು.

ಮರುದಿನ ಹುಡುಗ ಸ್ಟಾಫ್ ರೂಮಿಗೆ ಬಂದು, ಮಾವ ಕೊಟ್ಟಾನ್ರಿ ಎಂದು ನನ್ನ ಮೇಜಿನ ಮೇಲೆ ತಾಜಾ ಅಣಬೆ ಇಟ್ಟು ಹೋದ. ಅದೂ ಚೀಲದಲ್ಲಿ. ಸಿಟ್ಟಿನಲ್ಲೇ ಮನೆಗೆ ಒಯ್ದು ಪಲ್ಯ ಮಾಡಿದೆ. ಪಲ್ಯ ಚೆನ್ನಾಗಿತ್ತು. ಸೊನ್ನೆಯೂ ಹಾಗೇ ಉಳಿಯಿತು.

೨. ದೊಡ್ಡ ಹೆಸರು, ಸಣ್ಣ ಟ್ಯೂಬು

ನಾನು ಡಾಕ್ಟರೇಟ್ ಮಾಡಿದ ಖುಷಿಗೆ ನನ್ನ ಗಂಡ ಗೇಟಿಗೊಂದು ಬೋರ್ಡು ಹಾಕಿಸಿದರು. ಹೆಸರಿನ ಮುಂದೆ ‘ಡಾ.’ ಇದೆ. ಯಾವುದರ ಡಾಕ್ಟರು ಎಂದು ಓಣಿಯವರು ಕೇಳಿದಾಗ, ಬೂಸರಿನ ಮೇಲೆ ಓದ್ಯಾಳ ಎಂದು ಹೆಮ್ಮೆಯಿಂದ ಹೇಳಿದ್ದರಂತೆ. ಅಲ್ಲಿಗೆ ನನ್ನ ರವಿವಾರ ಮುಗಿಯಿತು.

ಒಂದು ರವಿವಾರ ಬೆಳಿಗ್ಗೆ ಶಿರಹಟ್ಟಿಯಿಂದ ಬಸ್ಸು ಹಿಡಿದು ಒಬ್ಬ ಹಿರಿಯರು ಬಂದರು. ರುಮಾಲು, ಧೋತರ, ಕೈಯಲ್ಲಿ ಕೋಲು. “ಡಾಕ್ಟರ್‌ಬಾಯಿ ಅದಾರೇನ್ರಿ?” ಎಂದರು. ನಾನೇ ಎಂದು ಹೇಳುವಷ್ಟರಲ್ಲಿ, ಅಂಗಳದಲ್ಲೇ ನಿಂತು ಧೋತರವನ್ನು ತೊಡೆಯವರೆಗೆ ಎತ್ತಿದರು. ದುಂಡಗೆ ಕೆಂಪಗೆ ಗಜಕರ್ಣ.

“ಅಜ್ಜಾರ, ಮೊದಲ ಧೋತರ ಇಳಸ್ರಿ. ನಾ ಅಂಥಾ ಡಾಕ್ಟರ್ ಅಲ್ಲ. ಗಿಡದ ಬೂಸರಿನ ಮ್ಯಾಲೆ ಓದೀನಿ.”

“ಗಿಡದ್ದು ತಿಳದಾರಿಗೆ ಮನಷ್ಯಾಂದು ತಿಳಿಯಂಗಿಲ್ಲೇನ್ರಿ? ಸರಿಯಾಗಿ ನೋಡ್ರಿ, ಇಲ್ಲೂ ಐತಿ” ಎಂದು ಅವರು ಇನ್ನೂ ಮೇಲಕ್ಕೆ ಎತ್ತಲು ಹೊರಟರು. ಎದುರು ಮನೆಯವರು ಕಿಟಕಿಗೆ ಬಂದಿದ್ದರು. ನನಗೆ ತಲೆ ಕಾದುಹೋಯಿತು.

“ನೋಡೀನ್ರಿ. ಇದು ಆಸ್ಕೊಮೈಸೀಟ್ಸ್ ಕುಲದ್ದು. ಗದಗಿನ್ಯಾಗ ಚರ್ಮದ ಡಾಕ್ಟರ್ ಅದಾರ, ಈಗಿಂದೀಗ ಹೋಗ್ರಿ” ಎಂದು ವಿಳಾಸ ಹೇಳಿ ಕಳಿಸಿದೆ.

ಮಧ್ಯಾಹ್ನ ಆ ಚರ್ಮದ ಡಾಕ್ಟರರೇ ಫೋನು ಮಾಡಿದರು. ಅವರ ದನಿಯೂ ಬಿಸಿಯಾಗಿತ್ತು. “ಮೇಡಂ, ಆ ಅಜ್ಜಾರಿಗೆ ಏನ್ ಹೇಳಿ ಕಳಿಸೀರಿ? ಅವರ ಮನಿ ಮಂದಿ ಎಲ್ಲಾ ಟೆಂಪೋ ಮಾಡ್ಕೊಂಡು ಬಂದು ನನ್ನ ದವಾಖಾನ್ಯಾಗ ಕುಂತು ಅಳಾಕತ್ತಾರ. ಅಜ್ಜಗ ಆಸ್ಕೊ ಆಗೈತಂತ, ಎಷ್ಟ ದಿನ ಉಳೀತಾನ ಅಂತ ಕೇಳಾಕತ್ತಾರ.”

“ನಾ ಹೇಳಿದ್ದರಾಗ ತಪ್ಪೇನೈತ್ರಿ? ಗಜಕರ್ಣ ಆ ಕುಲದ್ದ ಹೌದಲ್ಲ?”

“ತಪ್ಪಿಲ್ರಿ. ಆದ್ರ ಮುಲಾಮು ಕೊಟ್ರ ತಗೊಳವಲ್ರು. ಅಷ್ಟ ದೊಡ್ಡ ಹೆಸರಿನ ರೋಗಕ್ಕ ಇಷ್ಟ ಸಣ್ಣ ಟ್ಯೂಬೇನ್ರಿ ಅಂತ ನನ್ನ ಮ್ಯಾಲೆ ಸಿಟ್ಟಾಗ್ಯಾರ.”

೩. ಮೈಸೂರಿಗೆ ಸೀಟು

ಮುಂಡರಗಿಯ ಒಂದು ಕಾಲೇಜಿನವರು ಉಪನ್ಯಾಸಕ್ಕೆ ಕರೆದಿದ್ದರು. ವಾರಗಟ್ಟಲೆ ಕುಳಿತು ಚಿತ್ರಗಳನ್ನು ಸಿದ್ಧ ಮಾಡಿಕೊಂಡು ಹೋದೆ. ವೇದಿಕೆಯ ಹಿಂದೆ ದೊಡ್ಡ ಫ್ಲೆಕ್ಸ್ ಕಟ್ಟಿದ್ದರು. ಮುದ್ರಿಸಿದವನಿಗೆ ಜಾಗ ಸಾಲದೆ ಶಬ್ದವನ್ನು ಒಡೆದಿದ್ದ, ನಡುವೆ ಯಾಕೋ ಒಂದು ಚುಕ್ಕೆಯನ್ನೂ ಇಟ್ಟಿದ್ದ. ‘ಆಸ್ಕೊ’ ಎಂದು ಒಂದು ಸಾಲು. ಅದರ ಕೆಳಗೆ ‘ಮೈ. ಸೀಟ್ಸ್’.

ಮುಖ್ಯ ಅತಿಥಿಯಾಗಿ ಬರಬೇಕಿದ್ದ ಊರಿನ ಮುಖಂಡರು ಬಹಳ ತಡವಾಗಿ ಬಂದರು. ಬಂದವರೇ ಮೈಕಿನ ಮುಂದೆ ನಿಂತರು. ಏನು ಕಾರ್ಯಕ್ರಮ ಎಂದು ಯಾರೂ ಅವರಿಗೆ ಹೇಳಿದಂತಿರಲಿಲ್ಲ. ಹಿಂದೆ ತಿರುಗಿ ಫ್ಲೆಕ್ಸ್ ಓದಿದರು. ಮುಖ ಕೆಂಪಾಯಿತು.

“ಮೈಸೂರಿಗೆ ಸೀಟ್ಸ್” ಎಂದರು. “ನೋಡ್ರಿ, ಆಸ್ಕೊ ಕೋರ್ಸಿನ ಸೀಟ್ಸ್ ಎಲ್ಲಾ ಮೈಸೂರಿಗೆ. ಮುಂಡರಗಿ ಹುಡುಗ್ರು ಏನ್ ತಪ್ಪ ಮಾಡ್ಯಾರ? ಉತ್ತರ ಕರ್ನಾಟಕಕ್ಕ ಯಾವಾಗ್ಲೂ ಹಿಂಗ. ನಾ ಇನ್ನ ಸುಮ್ಮನ ಕುಂಡ್ರಂಗಿಲ್ಲ. ಈ ತಾಲೂಕಿಗೆ ಆಸ್ಕೊ ತಂದ ತರತೀನಿ.”

ಸಭಾಂಗಣದಲ್ಲಿ ಚಪ್ಪಾಳೆ, ಸಿಳ್ಳೆ. ಹಿಂದಿನ ಸಾಲಿನವರು ಜೈಕಾರ ಹಾಕಿದರು. ಭಾಷಣ ನಿಲ್ಲುವ ಲಕ್ಷಣ ಇರಲಿಲ್ಲ. ನನ್ನ ಸಮಯವೆಲ್ಲ ಅದರಲ್ಲೇ ಹೋಗುತ್ತಿತ್ತು. ಕೊನೆಗೆ ತಡೆಯಲಾರದೆ ಎದ್ದು, ಪಕ್ಕದಲ್ಲಿದ್ದ ಇನ್ನೊಂದು ಮೈಕು ಎತ್ತಿಕೊಂಡೆ.

“ಕ್ಷಮಿಸ್ರಿ. ಆಸ್ಕೊಮೈಸೀಟ್ಸ್ ಅಂದ್ರ ಸೀಟಲ್ಲ, ಬೂಸರು. ಅದನ್ನ ನೀವು ತರೋದು ಬ್ಯಾಡ. ಮುಂಡರಗ್ಯಾಗ ಮೊದಲ ಐತಿ. ನಿಮ್ಮ ಹಿಂದಿನ ಗ್ವಾಡಿ ಮ್ಯಾಲೂ ಅಂಥಾದ್ದ ಇರಬೇಕು.”

ಮುಖಂಡರು ನಿಧಾನಕ್ಕೆ ತಿರುಗಿ ಗೋಡೆ ನೋಡಿದರು. ಮಳೆನೀರು ಇಳಿದು ಗೋಡೆಯ ಅರ್ಧಕ್ಕೆ ಕಪ್ಪು ಬೂಸರು ಹಬ್ಬಿತ್ತು. ಅವರು ಒಂದು ಗಳಿಗೆ ಯೋಚಿಸಿ ಮತ್ತೆ ಮೈಕಿಗೆ ಬಾಯಿ ಹಚ್ಚಿದರು.

“ನೋಡಿದ್ರೇನು? ನಾ ಬಾಯಿ ಬಿಟ್ಟು ಕೇಳೂದಕ್ಕ ಮೊದಲ ಬಂದೈತಿ. ಇದಕ್ಕ ಅಭಿವೃದ್ಧಿ ಅಂತಾರ.”

೪. ಅಕ್ಕನ ಚಟ್ನಿ

ಲಕ್ಷ್ಮೇಶ್ವರದಲ್ಲಿ ನನ್ನ ಅಕ್ಕನ ಗಂಡನದು ಕಾಳುಕಡಿಯ ವ್ಯಾಪಾರ. ಮುಂದೆ ಅಂಗಡಿ, ಹಿಂದೆ ಮನೆ. ಅವರನ್ನು ನಾನು ಮಾಮಾ ಎನ್ನುತ್ತೇನೆ. ಒಮ್ಮೆ ಊಟಕ್ಕೆ ಕುಳಿತಾಗ ಈ ಚೀಲ ಶಿಲೀಂಧ್ರ ಅಂದರೇನು ಎಂದು ಅವರೇ ಕೇಳಿದರು. ನಾನು ಹೇಳುತ್ತ ಹೋದಂತೆ ಅವರಷ್ಟು ಗಮನವಿಟ್ಟು ಕೇಳಿದವರು ಇನ್ನೊಬ್ಬರಿಲ್ಲ. ಕೊನೆಗೂ ಒಬ್ಬರಿಗೆ ತಿಳಿಯಿತಲ್ಲ ಎಂದು ಖುಷಿಪಟ್ಟಿದ್ದೆ.

ಕೆಲವು ತಿಂಗಳ ನಂತರ, ನಮ್ಮ ಕಾಲೇಜಿನಲ್ಲಿ ಕನ್ನಡ ಕಲಿಸುವ ಗೆಳತಿ ಸ್ಟಾಫ್ ರೂಮಿನಲ್ಲಿ ಅಂದಳು. “ನಿಮ್ಮ ಮಾಮಾ ಭಾಳ ತಿಳದವರು ನೋಡ್ರಿ. ಲಕ್ಷ್ಮೇಶ್ವರಕ್ಕ ಹೋದಾಗ ಅವರ ಅಂಗಡ್ಯಾಗ, ಶೇಂಗಾ ಯಾಕ ಹಸರಾಗೈತಿ ಅಂತ ಕೇಳಿದೆ. ಇದು ಚೀಲ ಶಿಲೀಂಧ್ರರಿ, ಚೀಲಕ್ಕ ಬರೋದು, ಕಾಳಿಗೇನೂ ಆಗಂಗಿಲ್ಲ, ನನ್ನ ನಾದಿನಿ ಡಾಕ್ಟರ್ ಅದಾಳ, ಆಕಿನ ಹೇಳ್ಯಾಳ ಅಂದ್ರು. ಹೊಸಾ ಚೀಲಕ್ಕ ಸುರುವಿ ಕೊಟ್ರು. ಮಕ್ಕಳಿಗೆ ಉಂಡಿ ಮಾಡಬೇಕು.”

ಶೇಂಗಾದ ಆ ಬೂಸರು ವಿಷ ಮಾಡುತ್ತದೆ. ತೊಳೆದರೆ ಹೋಗುವುದಿಲ್ಲ, ಹುರಿದರೆ ಹೋಗುವುದಿಲ್ಲ, ಲಿವರಿಗೆ ಹೊಡೆಯುತ್ತದೆ. ಅದನ್ನು ಮಕ್ಕಳ ಬಾಯಿಗೆ ಹಾಕಲು ನನ್ನ ಹೆಸರು. ಆ ಶೇಂಗಾ ಮುಟ್ಟಬೇಡ ಎಂದು ಅವಳಿಗೆ ಹೇಳಿ, ರಜೆ ಹಾಕಿ, ಸಿಕ್ಕ ಬಸ್ಸು ಹತ್ತಿದೆ.

ಅಂಗಡಿಯಲ್ಲಿ ಶೇಂಗಾದ ರಾಶಿ ಬಿದ್ದಿತ್ತು. ಹಮಾಲರು ಅದನ್ನು ಹೊಸ ಚೀಲಗಳಿಗೆ ತುಂಬುತ್ತಿದ್ದರು. ಮಾಮಾ ಗಾದಿಯ ಮೇಲೆ ಕುಳಿತಿದ್ದರು, ಎದುರಿಗೆ ಗಿರಾಕಿಗಳು.

“ಬಾ ಬಾ ಮೇಡಂ. ಚಹಾ ತರಸ್ಲೇನು?”

“ಚಹಾ ಬ್ಯಾಡ. ಮೊದಲ ಆ ಶೇಂಗಾ ಮಾರೋದು ನಿಲ್ಲಸ್ರಿ.”

“ಯಾಕ? ಚೀಲ ಬದಲ ಮಾಡಸೀನಲ್ಲ. ಚೀಲದ ಬೂಸರು ಅಂತ ನೀನ ಹೇಳಿದ್ದು.”

“ಮಾಮಾ, ಆ ಚೀಲ ಬೂಸರಿನ ಒಳಗ ಇರತೈತಿ. ಕಣ್ಣಿಗೂ ಕಾಣಂಗಿಲ್ಲ. ನಿಮ್ಮ ಗೋಣಿಚೀಲಕ್ಕೂ ಅದಕ್ಕೂ ಏನೂ ಸಂಬಂಧ ಇಲ್ಲ. ಇದು ನಿಮಗ ಅವತ್ತ ತಿಳದಿತ್ತು.” ರಾಶಿಯಿಂದ ಒಂದು ಹಿಡಿ ಎತ್ತಿ ಅವರ ಮುಂದೆ ಹಿಡಿದೆ. “ಕಾಳಿಗೇನೂ ಆಗಿಲ್ಲ ಅನ್ನೋದು ಖರೆ ಇದ್ರ, ಇವರ ಮುಂದ ತಿಂದು ತೋರಸ್ರಿ.”

ಮಾಮಾ ಗಂಟಲು ಸರಿಮಾಡಿಕೊಂಡರು. “ಇವತ್ತ ನನ್ನ ಉಪಾಸ.”

ಅವರ ತೊಡೆಯ ಪಕ್ಕದಲ್ಲೇ ಅರ್ಧ ತಿಂದ ಗಿರ್ಮಿಟ್ ಇತ್ತು, ಮೇಲೊಂದು ಕಚ್ಚಿದ ಮೆಣಸಿನಕಾಯಿ ಬಜ್ಜಿ. ಗಿರಾಕಿಗಳು ಒಬ್ಬೊಬ್ಬರಾಗಿ ಎದ್ದು ಹೋದರು. “ಅಂಗಡ್ಯಾಗ ನನ್ನ ಮಾನ ಕಳೀಬ್ಯಾಡ, ಒಳಗ ನಡಿ” ಎಂದು ಮಾಮಾ ಹಲ್ಲು ಕಡಿದರು.

ಒಳಗೆ ಹೋಗಿ ಅಕ್ಕನಿಗೆ ಎಲ್ಲ ಹೇಳಿದೆ. ಅವಳು ರೊಟ್ಟಿ ಬಡಿಯುತ್ತಲೇ ಕೇಳಿಸಿಕೊಂಡಳು. ಅವಳ ಮನೆಯ ಡಬ್ಬಿ ತೆಗೆದು ನೋಡಿದೆ. ಶೇಂಗಾ ಸ್ವಚ್ಛವಾಗಿತ್ತು, ಒಂದು ಕಾಳಿಗೂ ಕಲೆ ಇಲ್ಲ.

“ಮನಿಗೆ ಅವರು ಬ್ಯಾರೆ ಆರಿಸಿ ತರತಾರ” ಎಂದಳು ಅಕ್ಕ. ಬಡಿಯುವ ಕೈ ನಿಂತಿತು. ಆಮೇಲೆ ಎದ್ದು ಬೋಗುಣಿ ತೆಗೆದುಕೊಂಡು ಅಂಗಡಿಗೆ ಹೋದಳು, ಗಂಡನ ಕಣ್ಣ ಮುಂದೆಯೇ ಆ ರಾಶಿಯಿಂದ ಬೋಗುಣಿ ತುಂಬಿಸಿಕೊಂಡು ಬಂದಳು. ಬೇಡ ಎಂದೆ. “ನೀ ಹೋಗಿ ಮಾರಿ ತೊಳಕೊಂಡು ಬಾ” ಎಂದಳು. ನಾನು ಬರುವಷ್ಟರಲ್ಲಿ ಶೇಂಗಾ ಹುರಿದು, ಬೆಳ್ಳುಳ್ಳಿ, ಒಣಮೆಣಸಿನಕಾಯಿ ಹಾಕಿ ಕುಟ್ಟಿ ಚಟ್ನಿ ಮಾಡಿಬಿಟ್ಟಿದ್ದಳು.

ಮಾಮಾ ಊಟಕ್ಕೆ ಬಂದರು. ಉಪವಾಸದ ಮಾತು ಯಾರೂ ತೆಗೆಯಲಿಲ್ಲ. ಅಕ್ಕ ರೊಟ್ಟಿ, ಬದನೆಕಾಯಿ ಪಲ್ಯ, ಮೊಸರು, ಚಟ್ನಿ ಬಡಿಸಿದಳು. ಅವರು ರೊಟ್ಟಿ ಮುರಿದು ಚಟ್ನಿಗೆ ಒತ್ತಿದರು.

“ಹೆಂಗ ಆಗೈತಿ ನೋಡ್ರಿ” ಎಂದಳು ಅಕ್ಕ. “ಹೊರಗ ರಾಶಿ ಹಾಕೀರಲ್ಲ, ಅದರಾಗಿಂದು.”

ತುತ್ತು ಬಾಯಿಯ ಹತ್ತಿರವೇ ನಿಂತಿತು. ಮಾಮಾ ಅದನ್ನು ಮೆಲ್ಲಗೆ ತಾಟಿನಲ್ಲಿಟ್ಟರು. “ನನಗ ಹಸಿವಿಲ್ಲ.”

“ಹಂಗಾರ ನಾ ಉಣ್ತೀನಿ.” ಅಕ್ಕ ತಾಟನ್ನು ತನ್ನ ಕಡೆ ಎಳೆದುಕೊಂಡು, ಅದೇ ತುತ್ತನ್ನು ಬಾಯಿಗೆ ಎತ್ತಿದಳು. ನಾನು ಏಳುವುದರೊಳಗೆ ಮಾಮಾ ಅವಳ ಮಣಿಕಟ್ಟು ಹಿಡಿದುಬಿಟ್ಟರು. ಮೊಸರಿನ ಬಟ್ಟಲು ಉರುಳಿತು.

“ಬ್ಯಾಡ.”

“ಯಾಕ ಬ್ಯಾಡ?”

ಅವರು ಹಿಡಿದ ಕೈ ಬಿಡಲಿಲ್ಲ.

“ನಿಮ್ಮ ಹೆಂಡತಿ ತಿನ್ನಬಾರದು. ಮಂದಿ ಹೆಂಡತಿ ತಿಂದ್ರ ನಡೀತೈತೇನು?”

ಮಾಮಾ ಕೈ ತೊಳೆದುಕೊಂಡು ಹೊರಗೆ ಹೋದರು. ಚೀಲ ತುಂಬುವುದು ನಿಲ್ಲಿಸಿರೋ ಎಂದು ಹಮಾಲರಿಗೆ ಹೇಳುವುದು ಒಳಗೆ ಕೇಳಿಸಿತು. ಆ ರಾಶಿಯನ್ನು ಊರ ಹೊರಗೆ ತಗ್ಗು ತೆಗೆಸಿ ಮುಚ್ಚಿಸಿದರು. ಕೊಂಡುಹೋದವರಿಗೆ ಹೇಳಿ ಕಳಿಸಿ ವಾಪಸ್ ತರಿಸಿಕೊಂಡರು. ಎಲ್ಲರಿಗೂ ಖಬರು ಮುಟ್ಟಿತೋ ಇಲ್ಲವೋ ಗೊತ್ತಿಲ್ಲ. ಆ ಸಿಟ್ಟು ನನಗೆ ಇವತ್ತಿಗೂ ಇಳಿದಿಲ್ಲ.

ಆದರೆ ಅವತ್ತು ಮಾಮಾ ಹೊರಗೆ ಹೋದ ಕೂಡಲೇ ಅಕ್ಕ ಏನು ಮಾಡಿದಳು ಗೊತ್ತೇ? ಆರಾಮಾಗಿ ಕುಳಿತು ಅದೇ ಚಟ್ನಿ ಹಚ್ಚಿಕೊಂಡು ರೊಟ್ಟಿ ತಿನ್ನತೊಡಗಿದಳು. ನಾನು ಚೀರಿ ತಾಟು ಕಸಿದುಕೊಳ್ಳಲು ಹೋದೆ.

“ಸುಮ್ಮನ ಕುಂಡ್ರು. ಇದು ಮನಿ ಡಬ್ಬಿದು. ಆ ಬೋಗುಣಿ ಕಟ್ಟಿ ಮ್ಯಾಲೆ ಹಂಗ ಐತಿ ನೋಡು. ಗಂಡಗ ವಿಷಾ ಹಾಕಾಕ ನನಗೇನು ಹುಚ್ಚ ಹಿಡದೈತೇನು?”

ಈ ಮಾತನ್ನು ಅವಳು ಮಾಮಾಗೆ ಮಾತ್ರ ಇನ್ನೂ ಹೇಳಿಲ್ಲ. ಮೊನ್ನೆ ಫೋನು ಮಾಡಿದ್ದಳು, ಮಾತಿಗಿಂತ ನಗುವೇ ಜಾಸ್ತಿ.

“ಈಗ ಅವರು ಏನ ಉಣ್ಣಾಕ ಕುಂತ್ರೂ ಮೊದಲನೇ ತುತ್ತು ನನಗ ತಿನ್ನಸ್ತಾರ. ನಾ ನುಂಗಿದ್ದು ನೋಡಿ ಆಮ್ಯಾಲೆ ತಾವು ಉಣ್ತಾರ. ಪಡಸಾಲ್ಯಾಗ ಕುಂತು ಉಣ್ಣೋದು ಓಣಿ ಮಂದಿಗೆಲ್ಲಾ ಕಾಣತೈತಿ. ಈ ವಯಸ್ಸಿನ್ಯಾಗ ಹೆಂಡ್ತಿ ಮ್ಯಾಲೆ ಎಷ್ಟ ಪ್ರೀತಿ ನೋಡು ಅಂತ ಹೆಂಗಸರೆಲ್ಲಾ ತಮ್ಮ ತಮ್ಮ ಗಂಡಂದಿರನ ಬೈಯಾಕತ್ತಾರ.”