ನಮ್ಮ ಅತ್ತೆಯವರನ್ನು ವಾಪಸು ಕಳಿಸಿಕೊಡಿ

ಹೊಲಿಗೆ ಯಂತ್ರ ಬಳಕೆದಾರರ ಆನ್‌ಲೈನ್ ಚರ್ಚಾಕಟ್ಟೆಯಲ್ಲಿ ಚರ್ಚೆಗಳಿಗೆ ಬೀಗ ಹಾಕುವವರೂ ಬೀಗ ತೆಗೆಯುವವರೂ ಆದ ಮಾನ್ಯ ಮೇಲ್ವಿಚಾರಕರೇ,

ತಮ್ಮ ಸನ್ನಿಧಾನಕ್ಕೆ ಅನಂತ ನಮಸ್ಕಾರಗಳು. ತಾವೂ, ತಮ್ಮ ನಲವತ್ತು ಸಾವಿರ ಸದಸ್ಯರೂ, ಅವರೆಲ್ಲರ ಕೋಪತಾಪಗಳೂ ಕ್ಷೇಮವೆಂದು ನಂಬಿದ್ದೇನೆ. ನಾನೊಬ್ಬಳು ಟೈಲರ್. ನಾಡಿದ್ದು ಶನಿವಾರ ಬೆಳಿಗ್ಗೆ ಹತ್ತಕ್ಕೆ ಶಾಲೆಯ ಬ್ಯಾಂಡಿನ ಇಪ್ಪತ್ತೆರಡು ಮಕ್ಕಳು ನಾನು ಹೊಲಿದ ಕೆಂಪು ಕೋಟು ತೊಟ್ಟು ಮುಖ್ಯರಸ್ತೆಯಲ್ಲಿ ಬಾರಿಸುತ್ತ ಹೊರಡಬೇಕು. ಕೋಟುಗಳು ಸಿದ್ಧವಾಗಿವೆ, ಆದರೆ ಒಂದಕ್ಕೂ ಗುಂಡಿಯಿಲ್ಲ. ನಮ್ಮ ಮನೆಯಲ್ಲಿ ಗುಂಡಿ, ಕಾಜಾ ಎಂದರೆ ಅತ್ತೆಯವರ ಇಲಾಖೆ. ಆ ಇಲಾಖೆಯನ್ನು ತಾವು ಹತ್ತು ದಿನದಿಂದ ಸಾರಾಸಗಟಾಗಿ ಎತ್ತಿಕೊಂಡು ಹೋಗಿದ್ದೀರಿ.

ಮೊದಲ ತಪ್ಪು ನನ್ನದೇ, ಒಪ್ಪಿಕೊಳ್ಳುತ್ತೇನೆ. ಈ ಮಕ್ಕಳ ಕೋಟು ಹೊಲಿಯುವಾಗ ಯಂತ್ರದಲ್ಲಿ ಹೊಲಿಗೆ ಬಿಟ್ಟು ಬಿಟ್ಟು ಬೀಳತೊಡಗಿದಾಗ ಒಂದು ಫೋಟೋ ತೆಗೆದು, ಏನು ಮಾಡಲೆಂದು ತಮ್ಮ ಕಟ್ಟೆಯಲ್ಲಿ ವಿನಯದಿಂದ ಕೇಳಿದೆ. ನಾಲ್ಕೇ ನಿಮಿಷದಲ್ಲಿ ಒಬ್ಬ ಪುಣ್ಯಾತ್ಮರು, ಕೈಹೊಲಿಗೆ ಬಿಟ್ಟವರಿಗೆ ಹೀಗೇ ಆಗಬೇಕು ಎಂದು ಸಾಂತ್ವನ ಹೇಳಿದರು. 'ಉಕ್ಕಿನ ಕತ್ತರಿ' ಎಂಬ ಹೆಸರಿನವರು ಮಕ್ಕಳಿಗೆ ಕೆಂಪು ಬಣ್ಣ ಏಕೆ ಸಲ್ಲದೆಂದು ಹನ್ನೊಂದು ಪ್ಯಾರಾ ಬರೆದರೆ, 'ನೇರ ನುಡಿ' ಎಂಬವರು ಆ ಕತ್ತರಿಯವರು ಎಷ್ಟನೇ ಕ್ಲಾಸು ಓದಿದ್ದಾರೆಂದು ವಿಚಾರಿಸಿದರು. ಅಷ್ಟರಲ್ಲಿ ಯಾರದೋ ಸೂಕ್ಷ್ಮದೃಷ್ಟಿ ಫೋಟೋದ ಮೂಲೆಯಲ್ಲಿದ್ದ ಸ್ಟೀಲ್ ಲೋಟದ ಮೇಲೆ ಬಿತ್ತು. ಯಂತ್ರದ ಪಕ್ಕ ಟೀ ಇಟ್ಟುಕೊಳ್ಳುವವರಿಗೆ ಸಹಾಯ ಮಾಡಬಹುದೇ ಎಂದು ಮತಕ್ಕೆ ಹಾಕಲಾಗಿ, ಕೂಡದೆಂದು ಮುನ್ನೂರ ಹನ್ನೆರಡು ಮಂದಿ, ಹೋಗಲಿ ಪಾಪ ಎಂದು ಇನ್ನೂರ ತೊಂಬತ್ತೇಳು ಮಂದಿ ಮತವಿತ್ತರು. ಉಳಿದ ಹದಿನೇಳು ಮಂದಿ ಅದು ಟೀಯೇ ಅಲ್ಲ, ಕಾಫಿ ಎಂದು ಪಟ್ಟು ಹಿಡಿದರು. ಲೋಟದಲ್ಲಿರುವುದು ಗುಂಡಿಗಳು ಎಂದು ನಾನು ಬರೆದದ್ದಕ್ಕೆ, ವಿಷಯಾಂತರ ಮಾಡಬಾರದೆಂದು ತಾವೇ ನನಗೆ ಎಚ್ಚರಿಕೆ ದಯಪಾಲಿಸಿದಿರಿ. ತಮ್ಮ ನ್ಯಾಯಪ್ರಜ್ಞೆಗೆ ಏನೆನ್ನಲಿ!

ಈ ಹೊತ್ತಿಗೆ ಕನ್ನಡಕವನ್ನು ಹಣೆಗೇರಿಸಿಕೊಂಡು ಆ ಕಡೆಯಿಂದ ಹಾದುಹೋದ ಅತ್ತೆಯವರು ಯಂತ್ರವನ್ನು ಒಮ್ಮೆ ನೋಡಿ, "ಅಯ್ಯೋ, ಸೂಜಿ ಹಿಂದುಮುಂದಾಗಿ ಸಿಗಿಸಿದೀಯಲ್ಲೇ! ಇಷ್ಟಕ್ಕೆ ಅಷ್ಟು ಜನ ಬೇಕಾ?" ಎಂದು, ಸೂಜಿ ಕಿತ್ತು, ತಿರುಗಿಸಿ ಹಾಕಿ, ತಮ್ಮ ಪಾಡಿಗೆ ಹೋದರು. ಹತ್ತೊಂಬತ್ತು ವರ್ಷದಿಂದ ಹೊಲಿಯುತ್ತಿರುವ ನಾನು ಸೂಜಿಯನ್ನು ಉಲ್ಟಾ ಹಾಕಿದ್ದು ಹೇಗೆ ಎನ್ನುತ್ತೀರೋ? ಸೂಜಿಯನ್ನು ವಾರಕ್ಕೊಮ್ಮೆ ಬದಲಿಸಬೇಕೇ ದಿನಾ ಬದಲಿಸಬೇಕೇ ಎಂದು ತಮ್ಮ ಕಟ್ಟೆಯಲ್ಲಿ ಎಡಗೈಯಿಂದ ಜಗಳವಾಡುತ್ತ, ಬಲಗೈಯಿಂದ ಸಿಗಿಸಿದ್ದೆ.

ಅತ್ತೆಯವರ ಜಾಣ್ಮೆಯ ಜಂಬದಲ್ಲಿ ಎರಡನೆಯ ತಪ್ಪು ಮಾಡಿದೆ. ಕೀರ್ತಿ ಅವರಿಗೇ ಸಲ್ಲಲಿ ಎಂದು ಅತ್ತೆಯವರನ್ನೂ ಸದಸ್ಯೆಯನ್ನಾಗಿ ಮಾಡಿದೆ. ಅವರು ಬರೆದದ್ದು ಒಂದೇ ಸಾಲು: "ಸೂಜಿ ತಿರುಗಿಸಿ ಹಾಕಿ, ಸರಿಹೋಗುತ್ತೆ." ಅದಕ್ಕೆ 'ನೇರ ನುಡಿ'ಯವರು, "ನೀವು ಜನ್ಮದಲ್ಲಿ ಯಾವತ್ತಾದ್ರೂ ಹೊಲಿಗೆ ಯಂತ್ರ ಮುಟ್ಟಿದ್ದೀರಾ?" ಎಂದು ಕೇಳಿದರು. ನಲವತ್ತಾರು ವರ್ಷದಲ್ಲಿ ಎರಡು ಯಂತ್ರ ಸವೆಸಿದ ಹೆಂಗಸನ್ನು, ಸ್ವಾಮಿ! ಅತ್ತೆಯವರು ಕುರ್ಚಿ ಎಳೆದುಕೊಂಡು ಕೂತರು. ಇನ್ನೂ ಎದ್ದಿಲ್ಲ. ಊಟಕ್ಕೆ ಕರೆದರೆ ಕೇಳಿಸುವುದಿಲ್ಲವೆಂದು ನನ್ನ ಗಂಡ ನಿನ್ನೆ ಕಟ್ಟೆಯಲ್ಲೇ "ಅಮ್ಮಾ, ಊಟ ಆರಿಹೋಗ್ತಿದೆ" ಎಂದು ಬರೆದರು. ಏಳು ಮಂದಿ ಪುರಾವೆ ಕೇಳಿದರು.

ಸುಳ್ಳೇಕೆ ಹೇಳಲಿ, ನನಗೂ ಒಳಗೊಳಗೇ ಹಿಗ್ಗು. ಮಾವನವರು ಹೋದ ಮೇಲೆ ಈ ಮನೆಯಲ್ಲಿ ಅತ್ತೆಯವರು ಈಗ ಜಗಳದ ನಡುವೆ ನಗುವಷ್ಟು ಜೋರಾಗಿ ನಕ್ಕದ್ದನ್ನು ನಾನು ಕೇಳಿಯೇ ಇರಲಿಲ್ಲ. ಆದರೆ ಕೋಟಿಗೆ ಒಂಬತ್ತರಂತೆ ನೂರ ತೊಂಬತ್ತೆಂಟು ಗುಂಡಿ ಬಾಕಿ ಇದೆ, ಮತ್ತು ನನಗೆ ಗುಂಡಿ ಹಾಕಿ ಅಭ್ಯಾಸ ತಪ್ಪಿದೆ.

ಆದಕಾರಣ, ಶನಿವಾರದವರೆಗೆ ಅವರನ್ನು ಕಟ್ಟೆಯಿಂದ ಹೊರಹಾಕುವ ಕೃಪೆ ಮಾಡಬೇಕು. ಆರೋಪ ಯಾವುದು ಬೇಕೆಂದರೆ ನಾನೇ ಬರೆದುಕೊಡುತ್ತೇನೆ. ಅದಾಗದಿದ್ದರೆ 'ನೇರ ನುಡಿ'ಯವರಿಂದ "ತಪ್ಪಾಯಿತು" ಎಂದು ಒಮ್ಮೆ ಬರೆಸಬೇಕು, ಅತ್ತೆಯವರು ಆ ಕ್ಷಣವೇ ಎದ್ದು ಬರುತ್ತಾರೆ. ತಮ್ಮ ಕಟ್ಟೆಯ ಇತಿಹಾಸದಲ್ಲಿ ಆ ಪದವನ್ನು ಯಾರೂ ಬಳಸಿಲ್ಲವೆಂದು ಬಲ್ಲೆ. ಅದೂ ಅಸಾಧ್ಯವಾದರೆ, ನನ್ನ ಲೋಟದ ಬಗ್ಗೆ ಮತ ಹಾಕಿದ ಆರುನೂರ ಇಪ್ಪತ್ತಾರು ಮಹನೀಯರನ್ನೂ ಸೂಜಿದಾರ ಸಮೇತ ನಮ್ಮ ಮನೆಗೆ ಕಳಿಸಿ. ಹಂಚಿಕೊಂಡರೆ ತಲೆಗೆ ಗುಂಡಿಯ ಮೂರನೇ ಒಂದು ಭಾಗವೂ ಬರುವುದಿಲ್ಲ. ಜಗಳ ಬೇಕಿದ್ದರೆ ಹೊಲಿಯುತ್ತಲೇ ಆಡಲಿ.

ಈ ಕ್ಷಣದವರೆಗೂ ತಮ್ಮ ವಿಶ್ವಾಸಿಯೇ ಆಗಿರುವ,
ಗುಂಡಿಯಿಲ್ಲದ ಕೋಟುಗಳ ಟೈಲರ್

ತಾ.ಕ.: ಈ ಪತ್ರವನ್ನು ತಮ್ಮ ದೂರು ವಿಭಾಗಕ್ಕೆ ಹಾಕಿ ಐದು ನಿಮಿಷವಾಗಿಲ್ಲ, ಉತ್ತರ ಬಂದೇಬಿಟ್ಟಿತು. ಆ ವಿಭಾಗಕ್ಕೆ ತಾವು ಇಂದು ಬೆಳಿಗ್ಗೆ ಹೊಸ ಮೇಲ್ವಿಚಾರಕಿಯನ್ನು ನೇಮಿಸಿರುವುದು ನನಗೆ ತಿಳಿದಿರಲಿಲ್ಲ. ಪಕ್ಕದ ಕೋಣೆಯಿಂದ ಅವರು ಬರೆದಿದ್ದಾರೆ: "ದೂರು ವಜಾ. ಗುಂಡಿ ಹಾಕೋದಕ್ಕೆ ಅತ್ತೆನೇ ಬೇಕೇನೇ? ಕೂತ್ಕೊಂಡು ಹಾಕು." ಕೆಳಗೆ ಗುಂಡಿ ಹಾಕುವ ಕ್ರಮವನ್ನು ಹದಿನಾಲ್ಕು ಪ್ಯಾರಾಗಳಲ್ಲಿ ವಿವರಿಸಿದ್ದಾರೆ. ಅದನ್ನು ಮೊದಲು ಮೆಚ್ಚಿದವರು ತಾವು. ಎರಡನೆಯವರು ನನ್ನ ಗಂಡ.