ಭದ್ರಾ ಹಿನ್ನೀರಿನ ಜರ್ಮನ್ ಅಡ್ಮಿರಲ್

ಜರ್ಮನಿಯ ನೌಕಾಪಡೆಯ ಒಬ್ಬ ಅಡ್ಮಿರಲ್ ನಮ್ಮ ನರಸಿಂಹರಾಜಪುರದಲ್ಲಿ ಇದ್ದಾರೆ. ಈ ವಿಷಯ ಜರ್ಮನಿಗೆ ಗೊತ್ತಿಲ್ಲ, ಅಷ್ಟೆ!

ಅವರು ನನ್ನ ಸೋದರಮಾವ. ಕೊಪ್ಪದಲ್ಲಿ ವೆಲ್ಡಿಂಗ್ ಅಂಗಡಿ ಇಟ್ಟಿದ್ದಾರೆ. ಎಂಟನೇ ಕ್ಲಾಸು ಬಿಟ್ಟ ಮೇಲೆ ನಾನು ಅಲ್ಲಿಗೇ ಕೆಲಸಕ್ಕೆ ಸೇರಿದೆ. ವೆಲ್ಡಿಂಗ್ ಕಲಿತದ್ದು ಸ್ವಲ್ಪ, ಜರ್ಮನಿಯ ಹಡಗುಗಳನ್ನು ಕಲಿತದ್ದು ಜಾಸ್ತಿ. ಶಾಲೆಯಲ್ಲಿ ಇಷ್ಟೆಲ್ಲ ಕಲಿಸಿದ್ದರೆ ನಾಲ್ಕನೇ ಕ್ಲಾಸಿಗೇ ಬಿಡುತ್ತಿದ್ದೆ.

ಈ ಹುಚ್ಚು ಅವರಿಗೆ ಹೇಗೆ ಹಿಡಿಯಿತು ಅಂತ ಮಾತ್ರ ಕೇಳಬೇಡಿ. ಕೇಳಿದರೆ ಅವರು ಹೇಳುತ್ತಾರೆ. ಆಮೇಲೆ ನಿಮಗೆ ಬಸ್ಸು ಸಿಗುವುದಿಲ್ಲ. ಯೂಟ್ಯೂಬಿನಲ್ಲಿ ಜರ್ಮನ್ ಭಾಷೆಯ ವಿಡಿಯೋವನ್ನೇ ಹಾಕಿಕೊಂಡು, ಒಂದು ಶಬ್ದ ಅರ್ಥವಾಗದಿದ್ದರೂ ನಡುನಡುವೆ "ಹ್ಞಾಂ, ಸರಿ, ಸರಿ" ಅನ್ನುತ್ತಿರುತ್ತಾರೆ. ಯಾರಾದರೂ ಹಿಟ್ಲರ್ ಅಂದರೆ ಮಾತ್ರ ವೆಲ್ಡಿಂಗ್ ರಾಡು ಕೆಳಗಿಟ್ಟು ರೇಗುತ್ತಾರೆ. "ಅವನ ಸುದ್ದಿ ಎತ್ತಬೇಡ ಮಾರಾಯ! ಅವನಿಂದ ಪಾಪ, ಆ ಹಡಗುಗಳ ಹೆಸರೂ ಹಾಳಾಯ್ತು."

ಇಷ್ಟಾಗಿ ಸಮುದ್ರ ನೋಡಿದ್ದು ಒಂದೇ ಸಲ, ಮಂಗಳೂರಿನಲ್ಲಿ. ಮುಖ ಊದಿಸಿಕೊಂಡು ವಾಪಸ್ ಬಂದರು.

"ಎಂತ ಮಾವ, ಸಮುದ್ರ ಹೇಗಿತ್ತು?"

"ಎಂತದೂ ಇಲ್ಲ ಮಾರಾಯ. ಬರೀ ನೀರು. ಒಂದು ಕ್ರೂಸರ್ ಇಲ್ಲ, ಒಂದು ಡೆಸ್ಟ್ರಾಯರ್ ಇಲ್ಲ. ಮೀನಿನ ಬೋಟು, ಅಷ್ಟೇ!"

ಮೊದಲನೇ ಮಹಾಯುದ್ಧದಲ್ಲಿ ಎಮ್ಡನ್ ಅನ್ನುವ ಜರ್ಮನ್ ಹಡಗು ಮದ್ರಾಸಿನವರೆಗೆ ಬಂದು ಗುಂಡು ಹಾರಿಸಿ ಹೋಗಿತ್ತಂತೆ. ಅಷ್ಟು ದೂರ ಬಂದದ್ದು ನಮ್ಮ ಕಡೆಗೂ ಬಂದು ನಾಲ್ಕು ಗುಂಡು ಹಾಕಿ ಹೋಗಿದ್ದರೆ ಏನಾಗುತ್ತಿತ್ತು ಅಂತ ಮಾವನಿಗೆ ಇವತ್ತಿಗೂ ಬೇಜಾರು!

ಜಯಪುರದ ಒಬ್ಬರು ತಮ್ಮ ಹೊಸ ಮನೆಯ ಗೇಟಿಗೆ ತಾವರೆ ಹೂವಿನ ಡಿಸೈನು ಕೇಳಿದ್ದರು. ಮಾವ ಎರಡು ದೊಡ್ಡ ಲಂಗರು ಬೆಸೆದು ಕೊಟ್ಟರು.

"ಇದೆಂತದು ಮಾರಾಯ್ರೆ, ಪಿಕಾಸಿ ಕಂಡ ಹಾಗೆ ಕಾಣ್ತದೆ?"

"ಪಿಕಾಸಿ ಅಲ್ಲ, ಲಂಗರು. ಇನ್ನು ನಿಮ್ಮ ಮನೆ ಎಲ್ಲಿಗೂ ಹೋಗುದಿಲ್ಲ."

ಆ ಮನುಷ್ಯ ಯೋಚಿಸಿ ನೋಡಿದ. ಮನೆ ಎಲ್ಲಿಗೂ ಹೋಗದೆ ಇರುವುದು ಒಳ್ಳೆಯದೇ ಅನ್ನಿಸಿರಬೇಕು. ಗೇಟು ತೆಗೆದುಕೊಂಡು ಹೋದ.

ಇನ್ನೊಂದು ಸಲ ಶೃಂಗೇರಿಗೆ ಗ್ರಿಲ್ಲು ಕೂರಿಸಲು ಹೋಗಿದ್ದೆವು. ಕೆಲಸ ಮುಗಿಸಿ ತುಂಗೆಯ ಮೆಟ್ಟಿಲಿನ ಮೇಲೆ ಕೂತಾಗ ಪಕ್ಕದಲ್ಲಿ ಬಿಳೀ ಗಂಡ ಹೆಂಡತಿ ಮೀನಿಗೆ ಮಂಡಕ್ಕಿ ಹಾಕುತ್ತಿದ್ದರು. ಮಾವ ಕೇಳಿಯೇ ಬಿಟ್ಟರು: "ಜರ್ಮನಿ?" ಅವರು ನಕ್ಕು ಹೌದು ಅಂದರು. ಮಾವ ಇನ್ನೂ ಹತ್ತಿರ ಸರಿದರು. "ಕೀಲ್? ವಿಲ್ಹೆಲ್ಮ್ಸ್‌ಹಾವೆನ್?" ಅಂತ ಎರಡು ನೌಕಾನೆಲೆಗಳ ಹೆಸರು ಹೇಳಿದರು. ಆ ದಂಪತಿ ಬೆಟ್ಟದ ಕಡೆಯವರಂತೆ, ಯುದ್ಧದ ಹಡಗನ್ನು ಕಂಡೇ ಇಲ್ಲವಂತೆ!

ಮಾವ ಅವರ ಕೈಯಿಂದ ಮಂಡಕ್ಕಿ ಪೊಟ್ಟಣ ಇಸಿದುಕೊಂಡರು. ಮೆಟ್ಟಿಲಿನ ಮೇಲೆ ಈ ಕಡೆ ಜರ್ಮನಿಯ ಹಡಗುಗಳು, ಆ ಕಡೆ ಇಂಗ್ಲೆಂಡಿನ ಹಡಗುಗಳು ಅಂತ ಸಾಲಾಗಿ ಜೋಡಿಸಿದರು. ಯುದ್ಧ ಶುರುವಾಗಬೇಕು, ಅಷ್ಟರಲ್ಲಿ ಗಾಳಿ ಬೀಸಿತು. ಇಂಗ್ಲೆಂಡಿನ ನೌಕಾಪಡೆ ಹಾರಿ ಹೊಳೆಗೆ ಬಿತ್ತು. ಮೀನುಗಳು ಒಂದೇ ಗುಟುಕಿಗೆ ಮುಗಿಸಿದವು.

"ನಿಜವಾದ ಯುದ್ಧದಲ್ಲೂ ಹೀಗೇ ಆಗಬೇಕಿತ್ತು ಮಾರಾಯ, ಗಾಳಿ ಬರಲಿಲ್ಲ" ಅಂದರು ಮಾವ. ದಂಪತಿಗೆ ಕನ್ನಡ ಬಾರದಿದ್ದರೂ ಜೋರಾಗಿ ಚಪ್ಪಾಳೆ ತಟ್ಟಿದರು.

ಇದನ್ನೆಲ್ಲ ನಾನು ಸಹಿಸಿಕೊಂಡೆ. ನನಗೆ ಸಂಬಳ ಬರುತ್ತದೆ. ಅತ್ತೆಗೆ ಏನು ಬರುತ್ತದೆ? ಆ ಮೊದಲನೇ ಯುದ್ಧದಲ್ಲಿ ಸೋತ ಜರ್ಮನ್ನರು ಸ್ಕಾಪಾ ಫ್ಲೋ ಎಂಬಲ್ಲಿ ತಮ್ಮ ಹಡಗುಗಳನ್ನು ಶತ್ರುವಿಗೆ ಬಿಟ್ಟುಕೊಡಬಾರದು ಅಂತ ತಾವೇ ಮುಳುಗಿಸಿದರಂತೆ. ಪ್ರತಿ ವರ್ಷ ಆ ದಿನ ಮಾವನಿಗೆ ಒಪ್ಪತ್ತು! ಬೆಳಿಗ್ಗೆ ಸ್ನಾನ ಮಾಡಿ ಸುಮ್ಮನೆ ಕೂತುಬಿಡುತ್ತಾರೆ.

"ಸ್ವಂತ ಅಪ್ಪನ ತಿಥಿ ನಾನು ನೆನಪು ಮಾಡ್ಬೇಕು. ಹಡಗಿನ ತಿಥಿ ಮಾತ್ರ ಇವ್ರಿಗೆ ತನ್ನಷ್ಟಕ್ಕೇ ನೆನಪಾಗ್ತದೆ" ಅಂತ ಅತ್ತೆ ಬೀದಿಗೆ ಕೇಳುವ ಹಾಗೆ ಬೈಯುತ್ತಾರೆ.

ಈಗ ಮುಖ್ಯ ಸಂಗತಿಗೆ ಬರುತ್ತೇನೆ. ಮಾವನ ಮನೆಯ ಹಿಂದೆಯೇ ಭದ್ರಾ ಅಣೆಕಟ್ಟಿನ ಹಿನ್ನೀರು. ಆಚೆ ದಡದಲ್ಲಿ ಅತ್ತೆಯ ತವರುಮನೆ. ಅಲ್ಲಿ ಒಣಹಾಕಿದ ಸೀರೆಯ ಬಣ್ಣ ಇಲ್ಲಿಂದ ಕಾಣುತ್ತದೆ. ಆದರೆ ಹೋಗಬೇಕೆಂದರೆ ನೀರನ್ನು ಸುತ್ತಿ, ಬಸ್ಸು ಬದಲಿಸಿ, ಮತ್ತೆ ನಡೆದು, ಅರ್ಧ ದಿನವೇ ಬೇಕು. ಒಂದು ಭಾನುವಾರ ಮಧ್ಯಾಹ್ನ ಊಟಕ್ಕೆ ಕೂತಾಗ ಅತ್ತೆ ಅದನ್ನೇ ಹೇಳಿ ಗೊಣಗಿದರು. ಅಣ್ಣನ ಮನೆಗೆ ಹೋಗಿ ಬರಲು ಸೊಂಟವೇ ಉಳಿಯುವುದಿಲ್ಲ ಅಂದರು.

ಮಾವ ತಟ್ಟೆಯ ಅನ್ನವನ್ನು ಉದ್ದಕ್ಕೆ ಎಳೆದರು. "ನೋಡು ಮಾರಾಯ್ತಿ, ಇದು ಡೆನ್ಮಾರ್ಕ್. ಈ ಕಡೆ ಸಮುದ್ರದಿಂದ ಆ ಕಡೆ ಸಮುದ್ರಕ್ಕೆ ಹೋಗ್ಲಿಕ್ಕೆ ಜರ್ಮನಿಯವರು ಇದನ್ನು ಪೂರ್ತಿ ಸುತ್ತಬೇಕಿತ್ತು. ಎಂತ ಮಾಡಿದ್ರು? ಬುಡದಲ್ಲಿ ಕಡಿದ್ರು, ಕೀಲ್ ಕಾಲುವೆ!" ಅನ್ನದ ಬುಡದಲ್ಲಿ ಬೆರಳಿನಿಂದ ಕಾಲುವೆ ತೋಡಿ ಸಾರು ಹರಿಸಿದರು. ಸಾರು ಈ ಕಡೆಯಿಂದ ಆ ಕಡೆಗೆ ಹೋಯಿತು. "ನೀನು ಇಷ್ಟು ವರ್ಷ ಬಸ್ಸಲ್ಲಿ ಡೆನ್ಮಾರ್ಕ್ ಸುತ್ತಿದ್ದು ಸಾಕು. ನಾನು ಹಡಗು ಕಟ್ತೇನೆ."

"ನೀವು ಕಟ್ಟಿದ ಗೇಟೇ ಸರಿಯಾಗಿ ಹಾಕ್ಲಿಕ್ಕಾಗುದಿಲ್ಲ! ಹಡಗು ಮುಳುಗ್ತದೆ."

"ಮುಳುಗುದಿಲ್ಲ."

"ಹಾಗಾದ್ರೆ ಶಾರದಮ್ಮನ ಆಣೆ ಹಾಕಿ. ಮುಳುಗಿದ್ರೆ ಸಾಯುವಷ್ಟು ದಿನ ಜರ್ಮನಿ ಸುದ್ದಿ ಎತ್ತಬಾರ್ದು. ಮೊಬೈಲಲ್ಲೂ ನೋಡಬಾರ್ದು. ಮುಳುಗದಿದ್ರೆ ನೀವು ಹೇಳಿದ್ದನ್ನೆಲ್ಲ ನಾನು ತುಟಿ ಬಿಚ್ಚದೆ ಕೇಳ್ತೇನೆ."

ನಮ್ಮ ಕಡೆ ಶಾರದಮ್ಮನ ಆಣೆ ಹಾಕಿ ಯಾರೂ ತಪ್ಪುವುದಿಲ್ಲ. ಜರ್ಮನಿಯನ್ನು ಕಿತ್ತುಕೊಂಡರೆ ಆ ಮನುಷ್ಯನ ಹತ್ತಿರ ಉಳಿಯುವುದು ಏನು? ಗೇಟು! ಆದರೂ ಮಾವ ಆಣೆ ಹಾಕಿದರು.

ಹಡಗು ಕಟ್ಟುವುದು ಶುರುವಾಯಿತು. ತೋಟದವರು ಅಡಿಕೆಗೆ ಔಷಧಿ ಹೊಡೆದು ಮೂಲೆಗೆ ಎಸೆದ ನೀಲಿ ಪ್ಲಾಸ್ಟಿಕ್ ಡ್ರಮ್ಮುಗಳನ್ನು ಕೇಳಿ ತಂದೆವು. ಕಬ್ಬಿಣದ ಚೌಕಟ್ಟು ಬೆಸೆದು, ಎರಡು ಬದಿಗೆ ಡ್ರಮ್ಮು ಕಟ್ಟಿ, ಮೇಲೆ ಹಲಗೆ ಹಾಸಿದೆವು. ಇಂಜಿನ್ನು? ಕಳೆ ಹೊಡೆಯುವ ಮಷಿನ್ನಿನ ಬ್ಲೇಡು ತೆಗೆದು ಅಲ್ಲಿಗೆ ಟೇಬಲ್ ಫ್ಯಾನಿನ ಕಬ್ಬಿಣದ ರೆಕ್ಕೆ ಹಾಕಿದೆವು. ಅದರ ಉದ್ದ ಕೋಲನ್ನು ಹಿಂದಿನಿಂದ ನೀರಿಗೆ ಇಳಿಬಿಟ್ಟರೆ, ಯಾವ ಕಡೆಗೆ ತಿರುಗಿಸಿದರೂ ಹಡಗನ್ನು ತಳ್ಳುತ್ತದೆ. ಮಾವನ ಪ್ರಕಾರ ಎಲ್ಲಕ್ಕಿಂತ ಮುಖ್ಯ ಡ್ರಮ್ಮು. "ಒಂದೊಂದು ಡ್ರಮ್ಮೂ ಒಂದೊಂದು ಕೋಣೆ. ಜರ್ಮನ್ ಹಡಗಿನ ಹೊಟ್ಟೆಯಲ್ಲಿ ಹೀಗೇ ಬೇರೆ ಬೇರೆ ಕೋಣೆ. ಒಂದಕ್ಕೆ ನೀರು ನುಗ್ಗಿದ್ರೆ ಇನ್ನೊಂದಕ್ಕೆ ಹೋಗುದಿಲ್ಲ."

ಒಂದು ಡ್ರಮ್ಮು ಕಡಿಮೆ ಬಿತ್ತು. ಮಾವ ಮನೆಯ ಹಿತ್ತಲಿನಿಂದ ಒಂದು ತಂದು ಎದುರಿಗೆ ಕಟ್ಟಿದರು. ಅದು ಎಂಥ ಡ್ರಮ್ಮು ಅಂತ ನಾನು ನೋಡಲಿಲ್ಲ. ಅವರೂ ನೋಡಲಿಲ್ಲ.

ನೀರಿಗೆ ಇಳಿಸುವ ದಿನ ದಡದ ತುಂಬ ಜನ. ಮುಳುಗುವುದನ್ನು ನೋಡಲು ಬಂದವರೇ ಹೆಚ್ಚು. ಹೊಸ ಹಡಗಿನ ಮೂತಿಗೆ ಬಾಟಲಿ ಒಡೆಯಬೇಕು ಅನ್ನುವುದು ಮಾವನ ಹಟ, ತೆಂಗಿನಕಾಯಿ ಒಡೆಯಬೇಕು ಅನ್ನುವುದು ಅತ್ತೆಯ ಹಟ. ಎರಡೂ ಆಗಲಿ ಅಂದರು ಭಟ್ಟರು. ಕಾಯಿ ಒಡೆಯಿತು. ಬಾಟಲಿ ಅಂತ ಮಾವ ತಂದದ್ದು ಜೀರಿಗೆ ಸೋಡದ ಪ್ಲಾಸ್ಟಿಕ್ ಬಾಟಲಿ! ಬೀಸಿ ಹೊಡೆದರು. ಅದು ಡ್ರಮ್ಮಿಗೆ ಬಡಿದು, ಪುಟಿದು, ಸೀದಾ ಭಟ್ಟರ ಹೊಟ್ಟೆಗೆ ಬಿತ್ತು.

"ಈಗ ಹಡಗಿನ ಶಾಂತಿ ಮಾಡುದಾ, ನನ್ನ ಶಾಂತಿ ಮಾಡುದಾ?" ಅಂದರು ಭಟ್ಟರು.

ನಾನು ಸೊಂಟಕ್ಕೆ ಲಾರಿ ಟ್ಯೂಬು ಸಿಕ್ಕಿಸಿಕೊಂಡು ಹತ್ತಿದೆ. ನಾಚಿಕೆ ಏನು ಬಂತು, ಜೀವ ನನ್ನದು! ಮಾವ ಇಂಜಿನ್ನು ಹಿಡಿದು ಹಿಂದೆ ನಿಂತರು. ಹೊರಡಬೇಕು, ಅಷ್ಟರಲ್ಲಿ ಅತ್ತೆ ಸೀರೆ ಎತ್ತಿ ಕಟ್ಟಿ ಹಡಗು ಹತ್ತಿದರು. ಅತ್ತೆಗೆ ಈಜು ಬರುವುದಿಲ್ಲ. ಕೆರೆಯ ಹತ್ತಿರವೂ ಸುಳಿಯದ ಹೆಂಗಸು.

"ನೀನು ಎಂತಕ್ಕೆ? ದಡದಲ್ಲೇ ನಿಂತು ನೋಡು ಮಾರಾಯ್ತಿ" ಅಂದರು ಮಾವ.

"ದಡದಿಂದ ಸಮ ಕಾಣುದಿಲ್ಲ. ಇದು ಮುಳುಗುದನ್ನು ನಾನು ಹತ್ತಿರದಿಂದ ನೋಡ್ಬೇಕು. ನಡೀರಿ!"

ಹೊರಟೆವು. ತೇಲಿತು! ಅರ್ಧ ದಾರಿಯವರೆಗೆ ಮಾವನ ಎದೆ ಡ್ರಮ್ಮಿಗಿಂತ ಉಬ್ಬಿತ್ತು. ಆಮೇಲೆ ಎದುರಿಗೆ ಧಡ್ ಅಂತ ಸದ್ದಾಯಿತು. ಹಿನ್ನೀರಿನ ಒಳಗೆ ಹಳೇ ಕಾಡಿನ ಮರದ ಬೊಡ್ಡೆಗಳು ಇರುತ್ತವೆ, ಅದರಲ್ಲೊಂದು ತಾಗಿತ್ತು. ಹಿಂದೆಯೇ ಗುಳುಗುಳು. ಹಡಗಿನ ಮೂತಿ ಕೆಳಗೆ ಹೋಗತೊಡಗಿತು.

ಬಗ್ಗಿ ನೋಡಿದೆ. ಎದುರಿನ ಡ್ರಮ್ಮಿನಲ್ಲಿ ತೂತು. ತೂತಿನ ಸುತ್ತ ಗುಂಡಗೆ ವಾಷರ್. "ಮಾವ, ಇದು ನಲ್ಲಿಯ ಡ್ರಮ್ಮು!"

ಮಾವನ ಮನೆ ಒಕ್ಕಲಿನ ದಿನ ಊಟಕ್ಕೆ ಬಂದವರು ಕೈ ತೊಳೆಯಲಿ ಅಂತ ಬುಡಕ್ಕೆ ನಲ್ಲಿ ಕೂರಿಸಿದ್ದ ಡ್ರಮ್ಮು ಅದು. ಮುಚ್ಚಳವೂ ಸಡಿಲ. ಬೊಡ್ಡೆ ನಲ್ಲಿಯನ್ನು ಕಿತ್ತೇ ಹಾಕಿತ್ತು. ಜಗತ್ತಿನ ಯಾವ ದೇಶದ ಯುದ್ಧನೌಕೆಗಾದರೂ ಮೂತಿಯಲ್ಲಿ ನಲ್ಲಿ ಇರುತ್ತದೆಯೇ ಸ್ವಾಮಿ?

"ನಲ್ಲಿ ಇಟ್ಟು ಹಡಗು ಕಟ್ಟಿದವರು ನೀವೊಬ್ರೇ!" ಅತ್ತೆ ಹಲಗೆ ಹಿಡಿದುಕೊಂಡು ಕೂಗಿದರು. "ಜರ್ಮನಿಯವರಿಗೂ ಇಷ್ಟು ಬುದ್ಧಿ ಇರ್ಲಿಲ್ಲ!"

ಆಗ ಮಾವನ ಮುಖ ನೋಡಬೇಕಿತ್ತು. ಹೆದರಿದ್ದರು ಅಂದುಕೊಂಡಿರಾ? ಕಣ್ಣು ಹೊಳೆಯುತ್ತಿತ್ತು! "ಸೈಡ್ಲಿಟ್ಜ್!" ಅಂತ ಕಿರುಚಿದರು. "ಜಟ್‌ಲ್ಯಾಂಡ್ ಯುದ್ಧ ಮುಗಿಸಿ ಬರುವಾಗ ಆ ಹಡಗಿಗೂ ಎದುರಿಗೆ ನೀರು ತುಂಬಿತ್ತು. ಮೂತಿ ಪೂರ್ತಿ ಕೆಳಗೆ. ಎದುರಿಗೆ ಓಡಿಸಿದ್ರೆ ಇನ್ನೂ ಮುಳುಗ್ತದೆ ಅಂತ ಹಿಂದು ಮುಂದಾಗಿ ನಡೆಸಿ ಊರಿಗೆ ತಂದ್ರು! ಎಲ್ಲರೂ ಹಿಂದೆ ಬನ್ನಿ!"

ಅತ್ತೆ, ನಾನು, ನನ್ನ ಟ್ಯೂಬು, ಎಲ್ಲ ಹಿಂದಕ್ಕೆ ಬಂದು ಮಾವನಿಗೆ ಅಂಟಿಕೊಂಡೆವು. ಭಾರ ಹಿಂದೆ ಬಿದ್ದು ಮೂತಿ ಸ್ವಲ್ಪ ಎದ್ದಿತು. ಮಾವ ಕಳೆ ಮಷಿನ್ನನ್ನು ಗಿರ್ರನೆ ತಿರುಗಿಸಿದರು. ಹಡಗೇ ತಿರುಗಿ ಬೆನ್ನು ಆಚೆ ದಡಕ್ಕಾಯಿತು. ಹಿಂದು ಮುಂದಾಗಿ ಹೊರಟೆವು. ಎದುರಿನ ಡ್ರಮ್ಮು ಪೂರ್ತಿ ತುಂಬಿತು. ಉಳಿದವು ಒಂದು ಹನಿಯನ್ನೂ ಒಳಗೆ ಬಿಡಲಿಲ್ಲ. ಬಿಟ್ಟು ಬಂದ ದಡದಿಂದ ಶಿಳ್ಳೆ ಕೇಳಿತು. ಮುಳುಗುವುದನ್ನು ನೋಡಲು ಬಂದವರೇ ಈಗ "ಬಿಡಬೇಡಿ, ಬಿಡಬೇಡಿ!" ಅಂತ ಕುಣಿಯುತ್ತಿದ್ದರು.

ಆಚೆ ದಡದಲ್ಲಿ ಅತ್ತೆಯ ಅಣ್ಣ ಲುಂಗಿ ಎತ್ತಿ ಕಟ್ಟಿ ಮೊಣಕಾಲು ನೀರಿನಲ್ಲಿ ನಿಂತಿದ್ದರು.

"ಎಂತ ಭಾವ, ಮನೆಗೆ ಬರುವವರು ಬೆನ್ನು ತೋರಿಸಿಕೊಂಡು ಬರುದಾ?"

"ಬಂದದ್ದು ಹೇಗೆ ಅಂತ ಕೇಳಬೇಡ, ಬಂದೆವಾ ಇಲ್ವಾ ಅದು ಹೇಳು!" ಮಾವ ಮಷಿನ್ನು ಬಂದ್ ಮಾಡಿ ಹಲಗೆಯ ಮೇಲೆ ನಿಂತು ಎರಡೂ ಕೈ ಎತ್ತಿದರು. ಜರ್ಮನಿಯ ನೌಕಾಪಡೆ ಯಾವುದಾದರೂ ಯುದ್ಧವನ್ನು ಪೂರ್ತಿ ಗೆದ್ದಿದೆಯೋ ಇಲ್ಲವೋ ನನಗೆ ಗೊತ್ತಿಲ್ಲ. ಅವತ್ತು ಭದ್ರಾ ಹಿನ್ನೀರಿನಲ್ಲಿ ಗೆದ್ದಿತು!

ಕಾಫಿ ಬಂತು. ಜಗಲಿಯ ತುಂಬ ಜನ ಸೇರಿದರು. ಮಾವ ಒದ್ದೆ ಬಟ್ಟೆಯಲ್ಲೇ ನಿಂತು ಸೈಡ್ಲಿಟ್ಜ್ ಕಥೆಯನ್ನು ಮೊದಲಿಂದ ಶುರು ಮಾಡಿದರು. ಆಣೆ ಗೆದ್ದಾಗಿತ್ತು, ಇನ್ನು ತಡೆಯುವವರು ಯಾರು? ಅತ್ತೆ ಹಿತ್ತಲ ಕಲ್ಲಿನ ಮೇಲೆ ಕೂತು ಸೀರೆಯ ಸೆರಗು ಹಿಂಡುತ್ತಿದ್ದರು. ನನಗೆ ಬಾಯಿ ಸುಮ್ಮನಿರುವುದಿಲ್ಲ.

"ಅಲ್ಲ ಅತ್ತೆ, ಮುಳುಗ್ತದೆ ಅಂತ ನೀವೇ ಹೇಳಿದ್ದು. ಈಜು ಬರುದಿಲ್ಲ. ಮತ್ತೆ ಎಂತಕ್ಕೆ ಹತ್ತಿದ್ದು?"

ಅತ್ತೆ ನನ್ನನ್ನು ನೋಡಲಿಲ್ಲ. ಸೆರಗು ಕೊಡವಿದರು.

"ಮುಳುಗ್ತದೆ ಅಂತ ಗೊತ್ತಿದ್ದೇ ಹತ್ತಿದ್ದು. ಮುಳುಗಿದ್ರೆ ಅವ್ರೊಬ್ರೇ ಮುಳುಗುದಾ?"

ಆಮೇಲೆ ಒಳಗಿನಿಂದ ಒಂದು ಒಣ ಪಂಚೆ ಹುಡುಕಿ ತಂದು, "ಥಂಡಿ ಆಗ್ತದೆ, ಮೊದಲು ಇದನ್ನು ಉಟ್ಟುಕೊಂಡು ಎಷ್ಟು ಬೇಕಾದ್ರೂ ಹೇಳಿ" ಅಂತ ಬೈಯುತ್ತಾ ಜಗಲಿಗೆ ಹೋದರು.